ತುಳು ಹಾಡಿನ ವೀರರನ್ನು ಕನ್ನಡ ಮಕ್ಕಳ ಕೈಗಿತ್ತ ಪಂಜೆ ಮೇಷ್ಟ್ರು

ಪಾಲಕೋಡ್: ಮನೆಯಲ್ಲಿ ಕನ್ನಡ, ಪಳ್ಳಿಕೂಡದಲ್ಲಿ ತಮಿಳು, ಟೊಮೇಟೊ ಮಂಡಿಗೆ ಹೋದರೆ ತೆಲುಗೂ ಸೇರಿ ಮೂರು ಭಾಷೆ. ಪಾಲಕೋಡ್, ಮಾರಂಡಹಳ್ಳಿ, ಪಂಚಪಳ್ಳಿ ಕಡೆಯ ಮಕ್ಕಳಿಗೆ ಇದೇನೂ ಹೊಸದಲ್ಲ. ಅಜ್ಜಿ ಹೇಳುವ ಕಥೆ ಒಂದು ಭಾಷೆಯಲ್ಲಿ, ಪುಸ್ತಕದಲ್ಲಿರುವ ಕಥೆ ಇನ್ನೊಂದು ಭಾಷೆಯಲ್ಲಿ. ಅಜ್ಜಿಯ ಕಥೆಗೆ ಪುಸ್ತಕವಿಲ್ಲ, ಪುಸ್ತಕದ ಕಥೆ ಅಜ್ಜಿಗೆ ಗೊತ್ತಿಲ್ಲ!

ನೂರೈವತ್ತು ವರ್ಷಗಳ ಹಿಂದೆ ಇಂಥದ್ದೇ ಊರೊಂದರಲ್ಲಿ ಒಬ್ಬ ಹುಡುಗ ಬೆಳೆದ. ಅವನ ಮನೆ ಮಾತು ಕೊಂಕಣಿ, ಬೀದಿ ಮಾತು ತುಳು, ಶಾಲೆಯ ಮಾತು ಕನ್ನಡ, ಪರೀಕ್ಷೆ ಪಾಸಾಗಲು ಬೇಕಾದದ್ದು ಇಂಗ್ಲಿಷ್. ದೊಡ್ಡವನಾದ ಮೇಲೆ ಅವನು ಮಾಡಿದ ಕೆಲಸವೆಂದರೆ ಒಂದು ಭಾಷೆಯ ಅಜ್ಜಿಕಥೆಯನ್ನು ಇನ್ನೊಂದು ಭಾಷೆಯ ಮಕ್ಕಳ ಪುಸ್ತಕಕ್ಕೆ ತಂದು ಕೂರಿಸಿದ್ದು. ಅವರೇ ಪಂಜೆ ಮಂಗೇಶರಾಯರು. ಕನ್ನಡ ಶಾಲೆಯಲ್ಲಿ ನಾಲ್ಕು ಕ್ಲಾಸು ಓದಿದವರಿಗೆ ಅವರ ಹೆಸರು ಮರೆತಿದ್ದರೂ ನಾಗರಹಾವಿನ ಪದ್ಯ ಮರೆತಿರಲಾರದು. ತಮಿಳು ಮಕ್ಕಳಿಗೆ ಆಳ. ವಳ್ಳಿಯಪ್ಪ ಹೇಗೋ ಕನ್ನಡದ ಮಕ್ಕಳಿಗೆ ಪಂಜೆಯವರು ಹಾಗೆ. ವಳ್ಳಿಯಪ್ಪ ಹುಟ್ಟಿದ್ದು 1922ರಲ್ಲಿ. ಆ ಹೊತ್ತಿಗೆ ಪಂಜೆಯವರು ಬರೆಯಲು ತೊಡಗಿ ಇಪ್ಪತ್ತು ವರ್ಷದ ಮೇಲಾಗಿತ್ತು.

ಹಾಗಂತ ಪದ್ಯದ ಪಂಜೆಯವರನ್ನು ಎಲ್ಲರೂ ನೆನೆಯುತ್ತಾರೆ. ಚರಿತ್ರೆಯನ್ನು ಕಥೆ ಮಾಡಿ ಮಕ್ಕಳಿಗೆ ಹೇಳಿದ ಪಂಜೆಯವರನ್ನು ನೆನೆಯುವವರು ಕಡಿಮೆ. ಗಡಿ ಊರಿನವರಿಗೆ ಹೆಚ್ಚು ಹತ್ತಿರವಾಗಬೇಕಾದವರು ಈ ಎರಡನೆಯ ಪಂಜೆಯವರೇ.

ಬಂಟ್ವಾಳದ ಹುಡುಗ

ಮಂಗೇಶರಾಯರು ಹುಟ್ಟಿದ್ದು 1874ರ ಫೆಬ್ರವರಿ 22ರಂದು, ನೇತ್ರಾವತಿ ನದಿಯ ದಡದ ಬಂಟ್ವಾಳದಲ್ಲಿ. ತಂದೆ ರಾಮಪ್ಪಯ್ಯ. ಸಾರಸ್ವತ ಮನೆತನ. ಹಿರಿಯರ ಊರು ಸುಳ್ಯ ಕಡೆಯ ಪಂಜ, ಅದೇ ಮನೆತನದ ಹೆಸರೂ ಆಯಿತು. ಈ ಊರಿನ ಹೆಸರನ್ನು ಓದುಗರು ಸ್ವಲ್ಪ ನೆನಪಿಟ್ಟುಕೊಳ್ಳಬೇಕು, ಮುಂದೆ ಕಥೆಯಲ್ಲಿ ಮತ್ತೆ ಬರುತ್ತದೆ.

ಆಗ ದಕ್ಷಿಣ ಕನ್ನಡವೂ ನಮ್ಮ ಸೇಲಂ ಜಿಲ್ಲೆಯೂ ಒಂದೇ ಮದ್ರಾಸ್ ಪ್ರಾಂತ್ಯದಲ್ಲಿದ್ದವು. ಎರಡೂ ಟಿಪ್ಪು ಸುಲ್ತಾನನ ಕೈಯಿಂದ ಕಂಪನಿಯ ಕೈಗೆ ಹೋದ ಸೀಮೆಗಳೇ. ಬಾರಾಮಹಲ್ 1792ರಲ್ಲಿ ಹೋಯಿತು, ಕೆನರಾ 1799ರಲ್ಲಿ. ಧರ್ಮಪುರಿಯಲ್ಲಿ ಕಂದಾಯದ ಲೆಕ್ಕ ನೋಡಿಕೊಂಡಿದ್ದ ಥಾಮಸ್ ಮನ್ರೋ ಸಾಹೇಬನನ್ನೇ ಆಮೇಲೆ ಕೆನರಾಕ್ಕೆ ಕಲೆಕ್ಟರ್ ಮಾಡಿ ಕಳಿಸಿದರು. ಹೀಗೆ ಎರಡು ಊರಿನ ರೈತರೂ ಒಬ್ಬನೇ ದೊರೆಗೆ ಕಂದಾಯ ಕಟ್ಟಿದವರು.

ರಾಮಪ್ಪಯ್ಯನವರು ಬೇಗ ತೀರಿಕೊಂಡರು. ಮನೆಯ ಭಾರ ಮಂಗೇಶರಾಯರ ಹೆಗಲಿಗೆ ಬಿತ್ತು. ಮಂಗಳೂರಿಗೆ ಹೋಗಿ, ಬೇರೆ ಮಕ್ಕಳಿಗೆ ಮನೆಪಾಠ ಹೇಳಿ, ಬಂದ ಕಾಸಿನಲ್ಲಿ ತಾವೂ ಓದಿದರು. 1890ರ ದಶಕದಲ್ಲಿ ಮಂಗಳೂರಿನ ಸರ್ಕಾರಿ ಕಾಲೇಜಿನಲ್ಲಿ ಕನ್ನಡ ಪಂಡಿತರಾದರು. ಕೆಲಸದಲ್ಲಿದ್ದುಕೊಂಡೇ ಬಿ.ಎ. ಮುಗಿಸಿದರು, ಮೇಷ್ಟ್ರ ತರಬೇತಿಯ ಎಲ್.ಟಿ.ಯನ್ನೂ ಮುಗಿಸಿದರು.

ಆ ಕಾಲದ ಮಂಗಳೂರು ಅಚ್ಚುಮೊಳೆಯ ಊರು. ಬಾಸೆಲ್ ಮಿಶನ್ನಿನವರು 1841ರಲ್ಲಿ ಅಲ್ಲಿ ಅಚ್ಚುಕೂಟ ಹಾಕಿದ್ದರು. ಕನ್ನಡದ ಮೊದಲ ಪತ್ರಿಕೆ 'ಮಂಗಳೂರ ಸಮಾಚಾರ' 1843ರಲ್ಲಿ ಹೊರಟದ್ದು ಅಲ್ಲಿಂದಲೇ. ಕಿಟ್ಟೆಲ್ ಸಾಹೇಬರ ದೊಡ್ಡ ನಿಘಂಟು 1894ರಲ್ಲಿ ಅಚ್ಚಾದಾಗ ಪಂಜೆಯವರಿಗೆ ಇಪ್ಪತ್ತು ವರ್ಷ. ಮುಂದೆ ಕಿಟ್ಟೆಲ್ಲರೇ ಸಂಪಾದಿಸಿದ್ದ ಹಳಗನ್ನಡ ವ್ಯಾಕರಣ 'ಶಬ್ದಮಣಿದರ್ಪಣ'ವನ್ನು ಪರಿಷ್ಕರಿಸುವ ಕೆಲಸವೂ ಪಂಜೆಯವರ ಪಾಲಿಗೆ ಬಂತು. ಕೇಶಿರಾಜನ ಸೂತ್ರಗಳನ್ನು ತಿದ್ದುತ್ತಿದ್ದ ಕೈಯೇ ಕೋಳಿಮರಿ, ಕಾಗೆ, ಇಲಿಗಳ ಕಥೆಯನ್ನೂ ಬರೆಯುತ್ತಿತ್ತು!

ಭಾವಮೈದುನನ ಪತ್ರಿಕೆ

ಪಂಜೆಯವರು ಮದುವೆಯಾದದ್ದು ಬೆನಗಲ್ ರಾಮರಾಯರ ತಂಗಿಯನ್ನು. ರಾಮರಾಯರು 1900ರ ಸುಮಾರಿಗೆ ಮಂಗಳೂರಿನಲ್ಲಿ 'ಸುವಾಸಿನಿ' ಎಂಬ ಮಾಸಪತ್ರಿಕೆ ತೆಗೆದರು. ಭಾವ ಬರೆದದ್ದು ಭಾವಮೈದುನನ ಪತ್ರಿಕೆಯಲ್ಲಿ ಬರತೊಡಗಿತು. 'ನನ್ನ ಚಿಕ್ಕತಾಯಿ' ಎಂಬ ಬರಹ ಬಂದದ್ದು 1900ರಲ್ಲಿ. ಕನ್ನಡದ ಮೊದಲ ಸಣ್ಣಕಥೆ ಯಾವುದು ಎಂಬ ಚರ್ಚೆ ಎದ್ದಾಗಲೆಲ್ಲ ಇದರ ಹೆಸರು ಬರುತ್ತದೆ. ಮಾಸ್ತಿಯವರು ಕಥೆ ಬರೆಯಲು ಇನ್ನೂ ಹತ್ತು ವರ್ಷ ಬಾಕಿಯಿತ್ತು.

ಅದೇ ಕಾಲದಲ್ಲಿ ಪಂಜೆಯವರು ಐತಿಹಾಸಿಕ ಕಥೆಗಳಿಗೂ ಕೈ ಹಾಕಿದರು. 'ದುರ್ಗಾವತಿ', 'ವೀರಮತಿ', 'ಶೈಲಿನಿ', 'ಪೃಥುಲಾ' ಇವು ಆ ಸಾಲಿನವು. ಹೆಸರು ನೋಡಿದರೇ ತಿಳಿಯುತ್ತದೆ, ಎಲ್ಲವೂ ಹೆಣ್ಣಿನ ಹೆಸರು. ಬಂಗಾಳಿ, ಮರಾಠಿಗಳಿಂದ ದೊಡ್ಡ ದೊಡ್ಡ ಐತಿಹಾಸಿಕ ಕಾದಂಬರಿಗಳು ಕನ್ನಡಕ್ಕೆ ಅನುವಾದವಾಗಿ ಬರುತ್ತಿದ್ದ ದಿನಗಳವು. ಬಿ. ವೆಂಕಟಾಚಾರ್ಯರು ಬಂಕಿಮಚಂದ್ರರನ್ನು ಕನ್ನಡಿಸಿದ್ದರು. ಗಳಗನಾಥರು ಹಾವೇರಿ ಕಡೆಯಿಂದ ತಮ್ಮ ಕಾದಂಬರಿಗಳನ್ನು ತಾವೇ ಹೊತ್ತು ಮಾರುತ್ತಿದ್ದರು. ಅವುಗಳ ನಡುವೆ ಪಂಜೆಯವರ ಕಥೆಗಳು ಚಿಕ್ಕವು. ಒಂದೇ ಕೂರಿಕೆಯಲ್ಲಿ ಓದಿ ಮುಗಿಸುವಂಥವು. ನಿಜ ಹೇಳಬೇಕೆಂದರೆ ಈ ನಾಲ್ಕನ್ನು ಇವತ್ತಿನ ಮಕ್ಕಳು ಓದುವುದು ಕಷ್ಟ. ಭಾಷೆ ಸ್ವಲ್ಪ ಗಂಭೀರ, ಸಂಸ್ಕೃತದ ಭಾರವೂ ಉಂಟು. ಪಂಜೆಯವರಿಗೆ ತಮ್ಮ ನಿಜವಾದ ದನಿ ಸಿಕ್ಕಿದ್ದು ಬೇರೆ ಕಡೆ.

ಎಲ್ಲಿ ಸಿಕ್ಕಿತು? ಶಾಲೆಯ ಜಗಲಿಯಲ್ಲಿ. ಪಂಜೆಯವರು ಶಾಲಾ ಇನ್‌ಸ್ಪೆಕ್ಟರ್ ಇಲಾಖೆಗೆ ಸೇರಿ ಹಳ್ಳಿ ಹಳ್ಳಿ ಸುತ್ತಿದರು. ಇನ್‌ಸ್ಪೆಕ್ಟರ್ ಬಂದರೆಂದರೆ ಮೇಷ್ಟ್ರಿಗೇ ನಡುಕ, ಮಕ್ಕಳ ಪಾಡು ಕೇಳಬೇಕೆ? ಈ ಇನ್‌ಸ್ಪೆಕ್ಟರ್ ಮಾತ್ರ ಕಥೆ ಹೇಳಿ, ಹಾಡು ಹೇಳಿಕೊಟ್ಟು ಹೋಗುವವರು ಎಂದು ಹೆಸರಾದರು. ಆಗಿನ ಪಾಠಪುಸ್ತಕಗಳಲ್ಲಿ ಉಪದೇಶವೇ ಹೆಚ್ಚು. ಮಗುವಿಗೆ ನಗು ಬರುವಂಥ ಒಂದು ಸಾಲೂ ಸಿಗುವುದು ಕಷ್ಟ. ಪಂಜೆಯವರು ಪಾಠಪುಸ್ತಕಗಳನ್ನು ತಾವೇ ಬರೆಯತೊಡಗಿದರು.

ಅವರ 'ಸಿಗಡಿ ಯಾಕೆ ಒಣಗಲಿಲ್ಲ' ಎಂಬ ಕಥೆಯನ್ನೇ ನೋಡಿ. ಒಣಗಲು ಹಾಕಿದ ಸಿಗಡಿ ಒಣಗಲಿಲ್ಲ. ಯಾಕೆ ಎಂದು ಕೇಳಿದರೆ ಅದು ಇನ್ನೊಬ್ಬರ ಮೇಲೆ ಹಾಕುತ್ತದೆ, ಅವರು ಮತ್ತೊಬ್ಬರ ಮೇಲೆ ಹಾಕುತ್ತಾರೆ, ಹೀಗೇ ಸರಪಳಿ ಬೆಳೆಯುತ್ತದೆ. ಪಾಲಕೋಡ್ ಕಡೆಯ ತೆಲುಗು ಮನೆಗಳಲ್ಲಿ ರಾಜನ ಏಳು ಮಕ್ಕಳು ಹಿಡಿದು ತಂದ ಏಳು ಮೀನಿನ ಕಥೆ ಕೇಳಿದವರಿಗೆ ಇದು ಅದರದೇ ಅಣ್ಣತಮ್ಮ ಎಂದು ತಟ್ಟನೆ ತಿಳಿಯುತ್ತದೆ. 'ಹೇನು ಸತ್ತು ಕಾಗೆ ಬಡವಾಯಿತು', 'ಗುಡುಗುಡು ಗುಮ್ಮಟ ದೇವರು', 'ಮೆಣಸಿನಕಾಳಪ್ಪ' ಇವೆಲ್ಲ ಇಂಥವೇ. ಇಂಗ್ಲಿಷಿನ ಮೂರು ಕರಡಿಗಳೂ ಇಲಿ ಹಿಡಿಯುವ ಕೊಳಲಿನವನೂ ಅವರ ಕೈಯಲ್ಲಿ ಕನ್ನಡ ಕಲಿತರು. ಇವನ್ನು ಬರೆಯುವಾಗ ಮಕ್ಕಳ ಕಿವಿಗೆ ಏನು ಹಿಡಿಸುತ್ತದೆ, ಎಲ್ಲಿ ಮಾತು ಮತ್ತೆ ಮತ್ತೆ ಬರಬೇಕು, ಎಲ್ಲಿ ನಿಲ್ಲಬೇಕು ಎಂಬುದೆಲ್ಲ ಅವರಿಗೆ ಪಳಗಿತು. ಆ ಪಳಗಿದ ಕೈಯಲ್ಲಿ ಅವರು ಮತ್ತೆ ಚರಿತ್ರೆಗೆ ಮರಳಿದರು. ಈ ಸಲ ರಾಣಿಯರ ಅರಮನೆಗೆ ಹೋಗಲಿಲ್ಲ, ತಮ್ಮದೇ ಸೀಮೆಯ ಗದ್ದೆ ಬಯಲಿಗೆ ಹೋದರು.

ಗದ್ದೆಯ ನೀರು, ದೊರೆಯ ಮಾತು

1921ರಲ್ಲಿ ಪಂಜೆಯವರೂ ಗೆಳೆಯರೂ ಸೇರಿ ಮಂಗಳೂರಿನಲ್ಲಿ 'ಬಾಲಸಾಹಿತ್ಯ ಮಂಡಲ' ಎಂಬ ಪ್ರಕಾಶನ ಕಟ್ಟಿದರು. ಮಕ್ಕಳ ಪುಸ್ತಕಕ್ಕೆಂದೇ ಒಂದು ಸಂಸ್ಥೆ ಎಂಬುದು ಆ ಕಾಲಕ್ಕೆ ಸಣ್ಣ ಮಾತಲ್ಲ. 1924ರಲ್ಲಿ ಪಂಜೆಯವರ 'ಕೋಟಿ ಚೆನ್ನಯ' ಬಂತು.

ಕೋಟಿ ಮತ್ತು ಚೆನ್ನಯ ತುಳುನಾಡಿನ ಬಿಲ್ಲವ ಕುಲದ ಅವಳಿ ಮಕ್ಕಳು. ಅವರ ಕಥೆಯನ್ನು ತುಳುವರು ಪಾಡ್ದನವಾಗಿ ಹಾಡುತ್ತಾರೆ. ಪಾಡ್ದನ ಎಂದರೆ ಗದ್ದೆಯಲ್ಲಿ ನಾಟಿ ಮಾಡುವಾಗ ಹೆಂಗಸರು ಹಾಡುವ, ದೈವದ ಮುಂದೆಯೂ ಹಾಡುವ ಉದ್ದ ಹಾಡುಗಥೆ. ಅಣ್ಣತಮ್ಮಂದಿರಿಗೆ ಗರಡಿ ಎಂಬ ಗುಡಿಗಳುಂಟು, ಇವತ್ತಿಗೂ ಅಲ್ಲಿ ಪೂಜೆ, ನೇಮ ನಡೆಯುತ್ತದೆ.

ಕಥೆ ಶುರುವಾಗುವುದು ಒಂದು ಮುರಿದ ಮಾತಿನಿಂದ. ಪಡುಮಲೆಯ ಪೆರುಮಾಳ ಬಲ್ಲಾಳನ ಕಾಲಿಗೆ ಮುಳ್ಳು ಚುಚ್ಚಿ ಗಾಯ ಕೀವಾಗುತ್ತದೆ. ಯಾರ ಮದ್ದಿಗೂ ವಾಸಿಯಾಗದ್ದನ್ನು ದೇಯಿ ಬೈದೆತಿ ಎಂಬ ಬಸುರಿ ಹೆಂಗಸು ಬಂದು ವಾಸಿ ಮಾಡುತ್ತಾಳೆ. ಬಲ್ಲಾಳ ಭಾರೀ ಮಾತು ಕೊಡುತ್ತಾನೆ. ದೇಯಿ ಅವಳಿ ಮಕ್ಕಳನ್ನು ಹೆತ್ತು ತೀರಿಕೊಳ್ಳುತ್ತಾಳೆ. ಮಾವ ಸಾಯನ ಬೈದ್ಯ ಮಕ್ಕಳನ್ನು ಸಾಕುತ್ತಾನೆ. ಚಿಕ್ಕಂದಿನಲ್ಲಿ ಆಟದ ಬಯಲಿನಲ್ಲಿ ಮಲ್ಲಯ್ಯ ಬುದ್ಧಿವಂತ ಎಂಬ ದೊಡ್ಡ ಮನುಷ್ಯನ ಮಕ್ಕಳೊಂದಿಗೆ ಹತ್ತಿದ ಜಗಳ, ದೊಡ್ಡವರಾದ ಮೇಲೆ ಗದ್ದೆಯ ನೀರಿನ ಜಗಳವಾಗುತ್ತದೆ. ಚಿನ್ನಾರ್ ಅಣೆಕಟ್ಟಿನ ಕೆಳಗೆ ಉಳುವವರಿಗೆ ಈ ಭಾಗವನ್ನು ಬಿಡಿಸಿ ಹೇಳಬೇಕಾಗಿಲ್ಲ! ಬುದ್ಧಿವಂತನ ಕೊಲೆಯಾಗುತ್ತದೆ. ಅಣ್ಣತಮ್ಮಂದಿರು ಬಲ್ಲಾಳನ ಬಳಿ ಹೋಗಿ, ತಾಯಿಗೆ ಕೊಟ್ಟ ಮಾತಿನ ಲೆಕ್ಕ ಕೇಳುತ್ತಾರೆ. ಕೇಳಿದ್ದೊಂದೂ ಸಿಗುವುದಿಲ್ಲ. ಊರು ಬಿಡುತ್ತಾರೆ.

ಬಿಟ್ಟು ಹೋಗುವುದು ಎಲ್ಲಿಗೆ? ಪಂಜಕ್ಕೆ! ಅಲ್ಲಿ ಅಕ್ಕ ಕಿನ್ನಿದಾರು, ಭಾವ ಪಯ್ಯ ಬೈದ್ಯ ಇದ್ದಾರೆ. ಪಂಜದ ದೊರೆ ಕೇಮರ ಬಲ್ಲಾಳ ಮೋಸದಿಂದ ಅವರನ್ನು ಸೆರೆ ಹಾಕಿಸುತ್ತಾನೆ. ತಪ್ಪಿಸಿಕೊಂಡು ಎಣ್ಮೂರಿನ ದೇವ ಬಲ್ಲಾಳನ ಆಶ್ರಯಕ್ಕೆ ಹೋಗುತ್ತಾರೆ. ಕೊನೆಗೆ ಎಣ್ಮೂರಿನ ಕಾಳಗದಲ್ಲಿ ಕೋಟಿ ಬಾಣ ತಗುಲಿ ಬೀಳುತ್ತಾನೆ. ಅಣ್ಣನಿಲ್ಲದ ಬದುಕು ಬೇಡವೆಂದು ಚೆನ್ನಯ ಕಲ್ಲಿಗೆ ತಲೆ ಚಚ್ಚಿಕೊಂಡು ಸಾಯುತ್ತಾನೆ.

ಈಗ ಲೆಕ್ಕ ಹಾಕಿ ನೋಡಿ. ಕಥೆಯಲ್ಲಿ ವೀರರಿಗೆ ಮೋಸ ಮಾಡಿದ ಊರೇ ಲೇಖಕರ ಹಿರಿಯರ ಊರು. ಆ ಊರಿನ ಹೆಸರನ್ನೇ ತಮ್ಮ ಹೆಸರಿನ ಮುಂದೆ ಇಟ್ಟುಕೊಂಡವರು ಮಂಗೇಶರಾಯರು. ಲೇಖಕರು ಸಾರಸ್ವತ ಬ್ರಾಹ್ಮಣರು, ವೀರರು ಬಿಲ್ಲವರು. ಬಿಲ್ಲವರಲ್ಲಿ ಬಹಳ ಮಂದಿ ಕಳ್ಳು ಇಳಿಸಿ ಬದುಕಿದವರು, ಆ ಕಾಲದಲ್ಲಿ ಅವರಿಗೆ ದೇವಸ್ಥಾನದ ಒಳಗೆ ಜಾಗವಿರಲಿಲ್ಲ. ಲೇಖಕರ ಮನೆ ಮಾತು ಕೊಂಕಣಿ, ವೀರರ ಮಾತು ತುಳು, ಪುಸ್ತಕದ ಮಾತು ಕನ್ನಡ. 1924ರಲ್ಲಿ ಮಕ್ಕಳಿಗೆ ವೀರರೆಂದರೆ ಯಾರು? ಪುಸ್ತಕದಲ್ಲಿ ಶಿವಾಜಿ, ಪ್ರತಾಪಸಿಂಹ, ಇಲ್ಲವೇ ಇಂಗ್ಲಿಷರ ನೆಲ್ಸನ್. ಗದ್ದೆ ಉಳುವ ಮನೆಯ ಇಬ್ಬರು ಹುಡುಗರು, ಅದೂ ದೊರೆಗೆ ಎದುರು ನಿಂತು ಕೊಟ್ಟ ಮಾತಿನ ಲೆಕ್ಕ ಕೇಳಿದವರು, ಮಕ್ಕಳ ಪುಸ್ತಕದ ವೀರರಾದದ್ದು ಸಣ್ಣ ಸಂಗತಿಯಲ್ಲ. ತಮಿಳಿನಲ್ಲಿ ಕಲ್ಕಿಯವರ 'ಪಾರ್ತಿಬನ್ ಕನವು' ಬಂದದ್ದು 1940ರ ದಶಕದಲ್ಲಿ, 'ಪೊನ್ನಿಯಿನ್ ಸೆಲ್ವನ್' ಅದಾದ ಮೇಲೆ. ಅವು ಪಲ್ಲವರ, ಚೋಳರ ಕಥೆಗಳು, ಬಹಳ ದೊಡ್ಡವು. ಪಂಜೆಯವರದ್ದು ಚಿಕ್ಕ ಪುಸ್ತಕ, ಚಿಕ್ಕ ಸೀಮೆ.

ಪಾಡ್ದನಗಳನ್ನು ಅದಕ್ಕೆ ಮೊದಲೇ ಅಚ್ಚು ಹಾಕಿದವರಿದ್ದರು. ಬಾಸೆಲ್ ಮಿಶನ್ನಿನ ಮ್ಯಾನರ್ ಸಾಹೇಬರು 1886ರಲ್ಲಿ ತುಳುವಿನಲ್ಲೇ ಒಂದು ಸಂಗ್ರಹ ತಂದಿದ್ದರು. ಬರ್ನೆಲ್ ಎಂಬ ಜಡ್ಜ್ ಸಾಹೇಬರು ಕೂಡಿಟ್ಟದ್ದು 1890ರ ದಶಕದಲ್ಲಿ ಇಂಗ್ಲಿಷ್ ಪತ್ರಿಕೆಯೊಂದರಲ್ಲಿ ಬಂದಿತ್ತು, ಅದೂ ಭೂತಾರಾಧನೆಯ ದಾಖಲೆಯಾಗಿ. ಪಂಡಿತರಿಗೆ ಅದು ಸಾಕು. ಮಕ್ಕಳಿಗೆ ಸಾಲದು. ಪಂಜೆಯವರ ಪುಸ್ತಕದಲ್ಲಿ ಕೋಟಿ ಚೆನ್ನಯರು ಗರಡಿಯಿಂದ ಇಳಿದು ಬಂದ ಹುಡುಗರು. ಆಡುತ್ತಾರೆ, ಜಗಳ ಕಾಯುತ್ತಾರೆ, ಅಕ್ಕನ ಮನೆಗೆ ಹೋಗುತ್ತಾರೆ, ಸಾಯುತ್ತಾರೆ.

ಇದರಲ್ಲಿ ಕಳೆದುಹೋದದ್ದೂ ಇದೆ, ಅದನ್ನು ಮುಚ್ಚಿಡಬಾರದು. ಪಾಡ್ದನ ಹಾಡಿಗೆ ಒಂದು ಲಯವಿದೆ. ಒಬ್ಬಳು ಹಾಡಿದರೆ ಉಳಿದವರು ದನಿಗೂಡಿಸುತ್ತಾರೆ. ಊರಿಂದ ಊರಿಗೆ ಕಥೆ ಬದಲಾಗುತ್ತದೆ. ಅಚ್ಚಾದ ಪುಸ್ತಕಕ್ಕೆ ಒಂದೇ ದಾರಿ. ತುಳುವಿನಲ್ಲಿದ್ದದ್ದು ಕನ್ನಡಕ್ಕೆ ಬಂದಾಗ ಹಾಡು ಹೋಗಿ ಗದ್ಯ ಉಳಿಯಿತು. ತುಳು ಮಕ್ಕಳು ತಮ್ಮ ವೀರರ ಕಥೆಯನ್ನು ಶಾಲೆಯಲ್ಲಿ ಕನ್ನಡದಲ್ಲಿ ಓದಬೇಕಾಯಿತು. ಗಡಿಯಲ್ಲಿ ಎರಡು ಭಾಷೆ ಬಳಸಿ ಬದುಕುವವರಿಗೆ ಈ ಲಾಭನಷ್ಟ ಚೆನ್ನಾಗಿ ಗೊತ್ತು. ಆದರೂ ಒಂದು ಮಾತು. ಪುಸ್ತಕ ಬಂದದ್ದರಿಂದ ಹಾಡು ನಿಲ್ಲಲಿಲ್ಲ. ಗರಡಿಗಳಲ್ಲಿ ಪಾಡ್ದನ ನಡೆದೇ ಇತ್ತು. 1973ರಲ್ಲಿ ಇದೇ ಕಥೆ ತುಳು ಸಿನಿಮಾ ಆಯಿತು. 2007ರಲ್ಲಿ ತೆರೆಕಂಡ ಇನ್ನೊಂದು 'ಕೋಟಿ ಚೆನ್ನಯ'ಕ್ಕೆ ತುಳುವಿನ ಅತ್ಯುತ್ತಮ ಚಿತ್ರವೆಂದು ರಾಷ್ಟ್ರಪ್ರಶಸ್ತಿಯೂ ಬಂತು.

ಧರ್ಮಪುರಿ ಜಿಲ್ಲೆಯಲ್ಲಿ ಹೊಲದ ಬದುವಿನಲ್ಲಿ, ಕೆರೆ ಏರಿಯಲ್ಲಿ ನಿಂತ ನಡುಕಲ್ಲುಗಳು ಬೇಕಾದಷ್ಟಿವೆ. ತುರು ಕಾದು ಸತ್ತವರು, ಊರು ಕಾದು ಸತ್ತವರು. ತಗಡೂರಿನ ಅದಿಯಮಾನ್ ಮತ್ತು ಔವೈಯಾರ್ ಕಥೆ ಪಾಠಪುಸ್ತಕಕ್ಕೆ ಬಂತು. ನೊಳಂಬರ ಕಾಲದ ಕನ್ನಡ ಶಾಸನ ಧರ್ಮಪುರಿಯಲ್ಲಿ ಸಿಕ್ಕಿತು, ಅದು ಪಂಡಿತರ ಪುಸ್ತಕದಲ್ಲಿದೆ. ಬದುವಿನ ಕಲ್ಲಿನ ಮೇಲೆ ಕತ್ತಿ ಹಿಡಿದು ನಿಂತವನ ಕಥೆಯನ್ನು ಮಕ್ಕಳಿಗಾಗಿ ಬರೆಯಲು ಇಲ್ಲಿಗೊಬ್ಬ ಪಂಜೆ ಮೇಷ್ಟ್ರು ಬರಲಿಲ್ಲ.

ಕೊಡಗಿನಲ್ಲಿ

1920ರ ದಶಕದಲ್ಲಿ ಪಂಜೆಯವರು ಕೊಡಗಿಗೆ ಹೋದರು. ಮಡಿಕೇರಿಯ ಸೆಂಟ್ರಲ್ ಹೈಸ್ಕೂಲಿನಲ್ಲಿ ಹೆಡ್ಮಾಸ್ಟರ್ ಆಗಿದ್ದರು. ಅಲ್ಲಿ ಮತ್ತೆ ಬೇರೆ ಭಾಷೆ, ಕೊಡವ ತಕ್ಕ್. ಅಲ್ಲಿನ ಸುಗ್ಗಿಹಬ್ಬ ಹುತ್ತರಿಯ ಮೇಲೆ ಅವರು ಬರೆದ ಕನ್ನಡ ಹಾಡನ್ನು ಕೊಡವರು ತಮ್ಮದೇ ನಾಡಗೀತೆಯೆಂಬಂತೆ ಹಾಡಿದರು. ಇದೂ 1924ರದೇ ಸಂಗತಿ, ನಡಿಕೇರಿಯಂಡ ಚಿಣ್ಣಪ್ಪನವರು ಕೊಡವ ಹಾಡುಗಳನ್ನು ಕೂಡಿಸಿ 'ಪಟ್ಟೋಲೆ ಪಳಮೆ' ತಂದರು. ಅತ್ತ ಒಬ್ಬರು ತುಳು ಹಾಡಿನ ಕಥೆಯನ್ನು ಕನ್ನಡಕ್ಕೆ ತಂದ ವರ್ಷವೇ ಇತ್ತ ಇನ್ನೊಬ್ಬರು ಕೊಡವ ಹಾಡನ್ನು ಕೊಡವದಲ್ಲೇ ಉಳಿಸಿದರು. ಎರಡೂ ಬೇಕಾಗಿತ್ತು.

ಪಂಜೆಯವರು ಬರೆದದ್ದು ಬಹಳ, ಹೆಸರು ಹಾಕಿಕೊಂಡದ್ದು ಕಡಿಮೆ. 'ಕವಿಶಿಷ್ಯ' ಎಂಬುದು ಅವರ ಕಾವ್ಯನಾಮ. ಕವಿ ಎಂದು ಹೇಳಿಕೊಳ್ಳಲೂ ಸಂಕೋಚ, ಕವಿಯ ಶಿಷ್ಯ ಎಂದರೆ ಸಾಕು! ಹರಟೆ ಬರೆಯುವಾಗ 'ಹರಟೆಮಲ್ಲ'. ಅವರಿಂದ ಪಾಠ ಕೇಳಿದವರಲ್ಲಿ ಮಂಜೇಶ್ವರದ ಗೋವಿಂದ ಪೈ ಒಬ್ಬರು. 1949ರಲ್ಲಿ ಮದ್ರಾಸ್ ಸರ್ಕಾರದಿಂದ ರಾಷ್ಟ್ರಕವಿ ಎನಿಸಿಕೊಂಡ ಗೋವಿಂದ ಪೈಗಳ ಮನೆ ಮಾತೂ ಕೊಂಕಣಿಯೇ.

1934ರಲ್ಲಿ ರಾಯಚೂರಿನಲ್ಲಿ ನಡೆದ ಕನ್ನಡ ಸಾಹಿತ್ಯ ಸಮ್ಮೇಳನಕ್ಕೆ ಪಂಜೆಯವರನ್ನು ಅಧ್ಯಕ್ಷರನ್ನಾಗಿ ಆರಿಸಿದರು. ರಾಯಚೂರು ಆಗ ನಿಜಾಮನ ಹೈದರಾಬಾದ್ ಸಂಸ್ಥಾನದಲ್ಲಿತ್ತು. ಅಲ್ಲಿ ಕನ್ನಡಕ್ಕೆ ಸರ್ಕಾರಿ ಶಾಲೆಗಳಲ್ಲಿ ಜಾಗ ಸಿಗುವುದೇ ಕಷ್ಟವಾಗಿತ್ತು, ಉರ್ದುವಿನದೇ ಕಾರುಬಾರು. ಅಂಥ ಊರಿನ ಸಮ್ಮೇಳನಕ್ಕೆ ಮಕ್ಕಳ ಸಾಹಿತಿಯೊಬ್ಬರು ಅಧ್ಯಕ್ಷರಾದದ್ದು ಹೊಂದಿಕೊಂಡೇ ಬಂತು.

ಮೂರು ವರ್ಷ ಕಳೆದು, 1937ರ ಅಕ್ಟೋಬರಿನಲ್ಲಿ, ಹೈದರಾಬಾದಿನಲ್ಲಿದ್ದಾಗ ಪಂಜೆಯವರು ತೀರಿಕೊಂಡರು. ಆಗ ಅವರಿಗೆ 63 ವರ್ಷ. ಆಮೇಲೆ ನಕ್ಷೆ ಬದಲಾಯಿತು. ಬಳ್ಳಾರಿ 1953ರಲ್ಲಿ ಮೈಸೂರಿಗೆ ಹೋಯಿತು. 1956ರಲ್ಲಿ ಅವರ ಜಿಲ್ಲೆಯೇ ಎರಡಾಗಿ, ಮಂಗಳೂರು ಮೈಸೂರು ರಾಜ್ಯಕ್ಕೂ ಕಾಸರಗೋಡು ಕೇರಳಕ್ಕೂ ಸೇರಿದವು. ಗೋವಿಂದ ಪೈಗಳ ಮಂಜೇಶ್ವರ ಗಡಿಯಾಚೆಯಾಯಿತು. ಕೊಳ್ಳೇಗಾಲ ಮೈಸೂರಿಗೆ ಬಂತು, ಹೊಸೂರು, ಧರ್ಮಪುರಿ, ಪಾಲಕೋಡ್ ಮದ್ರಾಸಿನಲ್ಲೇ ಉಳಿದವು. 1965ರಲ್ಲಿ ಸೇಲಂನಿಂದ ಒಡೆದು ಧರ್ಮಪುರಿ ಬೇರೆ ಜಿಲ್ಲೆಯಾಯಿತು.

1974ರಲ್ಲಿ ಪಂಜೆಯವರ ನೂರನೆಯ ಹುಟ್ಟುಹಬ್ಬ ಬಂದಾಗ ಅಲ್ಲಿ ಇಲ್ಲಿ ಚೆದುರಿದ್ದ ಅವರ ಬರಹಗಳನ್ನು ಕೂಡಿಸಿ ಸಂಪುಟಗಳಾಗಿ ತಂದರು. ಕೋಟಿ ಚೆನ್ನಯರ ಕಥೆಯೂ ಸಿಗಡಿಯ ಕಥೆಯೂ ಹುತ್ತರಿಯ ಹಾಡೂ ಈಗ ಬಿಡಿ ಪುಸ್ತಕಗಳಾಗಿ ಸಿಗುತ್ತವೆ. ಎಣ್ಮೂರಿಗೆ ಹೋಗುವವರಿಗೆ ಅಲ್ಲಿ ಅಣ್ಣತಮ್ಮಂದಿರ ಗರಡಿಯೂ ಕಾಣಸಿಗುತ್ತದೆ. ಸುಳ್ಯ ಕಡೆ ಹೋದರೆ ದಾರಿಯಲ್ಲಿ ಪಂಜವೂ ಹೆಚ್ಚು ದೂರವಿಲ್ಲ.